ಮಾವನಿಗೊಂದು ಎಂಟು ಕೋಣೆಯ ಮನೆ

ಕೋ ಮಿಂಗ್‌ತೆಗೆ ತೈನಾನಿನ ಆ ಓಣಿಯಲ್ಲಿ ಮೇಷ್ಟ್ರು ಎಂದೇ ಹೆಸರು. ಅವನು ಮೇಷ್ಟ್ರಲ್ಲ. ಮಕ್ಕಳನ್ನು ಪರೀಕ್ಷೆಗೆ ಅರೆದು ಸಿದ್ಧಮಾಡುವ ಟ್ಯೂಷನ್ ಕೇಂದ್ರವೊಂದರಲ್ಲಿ ಜೆರಾಕ್ಸ್ ಯಂತ್ರ ನೋಡಿಕೊಳ್ಳುವವನು. ಹೆಣ್ಣು ನೋಡಲು ಹೋದ ದಿನ ಮದುವೆ ದಲ್ಲಾಳಿ ಹೆಂಗಸು, "ಹುಡುಗ ಗಣಿತದ ವಿಭಾಗದಲ್ಲಿದ್ದಾನೆ" ಎಂದಿದ್ದಳು. ಯಂತ್ರವಿದ್ದದ್ದು ಗಣಿತದ ಕೊಠಡಿಯ ಪಕ್ಕದಲ್ಲೇ ಆದ್ದರಿಂದ ಅದನ್ನು ಅಪ್ಪಟ ಸುಳ್ಳು ಎನ್ನುವಂತಿಲ್ಲ. ತಿದ್ದೋಣವೆಂದು ಮಿಂಗ್‌ತೆ ಬಾಯಿ ತೆರೆದ. ಯಾರೋ ಆ ಬಾಯಿಗೆ ಕಡಲೆಮಿಠಾಯಿ ಇಟ್ಟರು. ಅದನ್ನು ಅಗಿದು ನುಂಗುವಷ್ಟರಲ್ಲಿ ಮದುವೆ ನಿಶ್ಚಯವಾಗಿಹೋಗಿತ್ತು.

ಹೆಂಡತಿ ಪೆಕ್‌ಚುಗೆ ಮದುವೆಯಾದ ವಾರದಲ್ಲೇ ನಿಜ ತಿಳಿಯಿತು. "ಹೋಗ್ಲಿ ಬಿಡಿ, ಯಂತ್ರ ರಿಪೇರಿಯಾದ್ರೂ ಬರುತ್ತಲ್ಲ" ಎಂದು ಸುಮ್ಮನಾದಳು. ಮಾವ ಕಿಮ್‌ಚಾಯ್ ಅವರಿಗೂ ತಿಳಿದಿತ್ತೆಂದೇ ನನ್ನ ಅನುಮಾನ. ಆದರೆ ಓಣಿಯಲ್ಲಿ ಎಲ್ಲರಿಗಿಂತ ಗಟ್ಟಿಯಾಗಿ "ಬನ್ನಿ ಮೇಷ್ಟ್ರೇ" ಎಂದು ಕೂಗುತ್ತಿದ್ದವರು ಅವರೇ.

ಕಿಮ್‌ಚಾಯ್ ಅವರದು ದೇವಸ್ಥಾನದ ಎದುರಿನ ಮೀನುಗಂಜಿ ಅಂಗಡಿ. ಹಾಲುಮೀನಿನ ಗಂಜಿ. ಆ ಮೀನಿಗೆ ಮಾಂಸಕ್ಕಿಂತ ಮುಳ್ಳೇ ಜಾಸ್ತಿಯೇನೋ ಎನ್ನಬೇಕು. ಅವರು ಹುಡುಗನಾಗಿದ್ದಾಗಿನಿಂದ ಮಾಡಿದ್ದು ಒಂದೇ ಕೆಲಸ, ಮೀನು ಸೀಳಿ ಮುಳ್ಳು ಕೀಳುವುದು. ಗಲ್ಲಾದಲ್ಲಿ ಅತ್ತೆ ಗ್ವಾತೆಂಗ್ ಕೂರುತ್ತಿದ್ದರು. ಗಂಡ ಹೆಂಡತಿ ನಡುವೆ ದಿನವಿಡೀ ನಡೆಯುತ್ತಿದ್ದ ಸಂಭಾಷಣೆ ಎಂದರೆ ಇಷ್ಟೇ: "ಕೈ ತೊಳ್ಕೊಂಡ್ರಾ?" "ತೊಳ್ಕೊಂಡೆ." "ತೊಳ್ಕೊಂಡಿಲ್ಲ, ಇಲ್ಲಿಗೇ ವಾಸನೆ ಹೊಡೀತಿದೆ."

ಬೆಳಗಿನ ಗಿರಾಕಿಗಳು ಕರಗಿದ ಮೇಲೆ ಮಿಂಗ್‌ತೆ ಅಲ್ಲಿಗೆ ಹೋಗಿ ಕೂರುತ್ತಿದ್ದ. ಟ್ಯೂಷನ್ ಕೇಂದ್ರದಲ್ಲಿ ಕೆಟ್ಟು ಬಂದ ಹಾಳೆಗಳನ್ನು ಓದುವುದು ಅವನ ಹವ್ಯಾಸ. ಒಮ್ಮೆ ಬುದ್ಧಿವಂತ ಮಕ್ಕಳಿಗೆಂದು ಯಾರೋ ಬರೆದಿದ್ದ ಪಾಠವೊಂದು, ಅರ್ಧ ಪುಟ ಕಪ್ಪಾಗಿ, ಕಸದ ಬುಟ್ಟಿಗೆ ಬಿತ್ತು. ಉಳಿದರ್ಧವನ್ನು ಮಿಂಗ್‌ತೆ ಓದಿದ. ಅಂದಿನಿಂದ ಅವನ ನಡಿಗೆಯೇ ಬದಲಾಯಿತು.

"ಮಾವ, ನಮಗಿರೋದು ಮೂರೇ ದಾರಿ. ಮೇಲೆ-ಕೆಳಗೆ, ಹಿಂದೆ-ಮುಂದೆ, ಎಡ-ಬಲ. ಇನ್ನೊಂದು ನಾಡಿದೆ. ಅಲ್ಲಿ ನಾಲ್ಕನೇದೂ ಇದೆ."

"ಯಾವ ಕಡೆಗೆ?"

"ಇದ್ಯಾವುದೂ ಅಲ್ಲದ ಕಡೆಗೆ."

"ತೋರಿಸಪ್ಪ."

ಮಿಂಗ್‌ತೆ ಕೈ ಎತ್ತಿದ. ಅತ್ತ ಆಡಿಸಿದ, ಇತ್ತ ಆಡಿಸಿದ, ಸೊಳ್ಳೆ ಹೊಡೆಯಲು ಹೋಗಿ ಗುರಿ ತಪ್ಪಿದವನಂತೆ ಇಳಿಸಿದ. "ಹಾಳೇಲಿ ಆ ಭಾಗ ಕಪ್ಪಾಗಿ ಬಂದಿತ್ತು ಮಾವ."

ಬೇರೆ ಯಾರೇ ಆಗಿದ್ದರೂ ಎದ್ದು ಹೋಗುತ್ತಿದ್ದರು. ಕಿಮ್‌ಚಾಯ್ ಮಾತ್ರ ಚಾಕು ಕೆಳಗಿಟ್ಟು, "ಸರಿ, ಆ ದಿಕ್ಕಿಗೆ ಮಗ್ಗುಲು ಅನ್ನೋಣ. ಮುಂದಕ್ಕೆ ಹೇಳು" ಎಂದರು.

ಹೀಗೆ ಮೀನಿನ ಹುರುಪೆಗಳ ನಡುವೆ ಮಗ್ಗುಲನಾಡು ಹುಟ್ಟಿತು. ವರ್ಷಗಳ ಕಾಲ ಮಾವ ಅಳಿಯ ಸೇರಿ ಅದನ್ನು ಬೆಳೆಸಿದರು. ಆ ನಾಡಿನಲ್ಲಿ ಜೈಲಿಲ್ಲ, ಏಕೆಂದರೆ ಎಷ್ಟೇ ಗೋಡೆ ಕಟ್ಟಿದರೂ ಕಳ್ಳ ಮಗ್ಗುಲಿಗೆ ಹೆಜ್ಜೆಯಿಟ್ಟು ಹೊರಟುಬಿಡುತ್ತಾನೆ. ಹಗ್ಗದಲ್ಲಿ ಹಾಕಿದ ಗಂಟು ಮಗ್ಗುಲಿಗೆ ಜಾರಿ ಬಿಚ್ಚಿಕೊಳ್ಳುವುದರಿಂದ ಅಲ್ಲಿನ ಮೇಕೆಗಳು ಸ್ವತಂತ್ರ. ಎಡಗಾಲಿನ ಚಪ್ಪಲಿಯನ್ನು ಒಮ್ಮೆ ಮಗ್ಗುಲಿಗೆ ಹೊರಳಿಸಿದರೆ ಬಲಗಾಲಿನದಾಗುತ್ತದೆ. ಚಮ್ಮಾರರಿಗೆ ಅರ್ಧ ಕೆಲಸ. ಮೊಟ್ಟೆ ಒಡೆಯದೆ ಒಳಗಿನ ಹಳದಿ ತೆಗೆದು ತಿನ್ನುತ್ತಾರೆ.

"ಅಂದ್ರೆ, ಮೀನಿನ ಮುಳ್ಳು?" ಎಂದು ಮಾವ ಒಂದು ದಿನ ಮೆಲ್ಲಗೆ ಕೇಳಿದರು.

"ಚರ್ಮ ಸೀಳೋದೇ ಬೇಡ ಮಾವ. ಮಗ್ಗುಲಿಂದ ಕೈಹಾಕಿ ಎಲ್ಲಾ ಮುಳ್ಳೂ ತೆಗೀಬಹುದು. ಮೀನಿಗೆ ಗೊತ್ತೂ ಆಗಲ್ಲ."

ಕಿಮ್‌ಚಾಯ್ ತಮ್ಮ ಬೆರಳುಗಳ ತುಂಬಾ ಇದ್ದ ಹಳೆಯ ಗಾಯದ ಗೆರೆಗಳನ್ನು ನೋಡಿಕೊಂಡರು. "ನಾನು ಅಲ್ಲೇ ಹುಟ್ಟಬೇಕಿತ್ತು ಕಣೋ" ಎಂದರು.

ಆ ನಾಡಿನ ಮನೆಯ ನಕ್ಷೆಯೂ ಸಿದ್ಧವಾಯಿತು. ಎಂಟು ಕೋಣೆ. ಪ್ರತಿ ಕೋಣೆಗೂ ಆರು ಬಾಗಿಲು, ಆರು ಬಾಗಿಲಿಂದ ಆರು ಕೋಣೆಗೆ ನೇರ ದಾರಿ. ನಡುವಿನದು ಮಾವನದು. ಅದಕ್ಕೆ ತಾಗಿ ಗಂಜಿಯ ಒಲೆ, ಚಹಾದ ಕೋಣೆ, ಚದುರಂಗದ ಕೋಣೆ, ಸ್ಕೂಟರಿನ ಕೋಣೆ, ಆಳುಗಳ ಕೋಣೆ, ಅಳಿಯ ಬಂದರೆ ಕೂರುವ ಕೋಣೆ.

"ಏಳಾಯ್ತು. ಎಂಟನೇದು?"

"ಅದು ಎದುರಿನ ಕೋಣೆ ಮಾವ. ಅದೊಂದು ಮಾತ್ರ ನಿಮ್ಮ ಕೋಣೆಗೆ ತಾಗಲ್ಲ."

ಮಾವ ಯೋಚಿಸಿದರು. ಗಲ್ಲಾದಲ್ಲಿ ಗ್ವಾತೆಂಗ್ ಸೊಪ್ಪಿನವಳ ಜೊತೆ ಜಗಳವಾಡುತ್ತಿದ್ದರು. ಅತ್ತ ಒಮ್ಮೆ ನೋಡಿ, "ಅದು ಗ್ವಾತೆಂಗ್‌ಗೆ" ಎಂದು, ಕೈಯಲ್ಲಿದ್ದ ಸೌಟು ಬೀಳುವಷ್ಟು ನಕ್ಕರು. ಮಿಂಗ್‌ತೆಯೂ ನಕ್ಕ. ಯಾಕೆಂದು ಯಾರೂ ಯಾರನ್ನೂ ಕೇಳಲಿಲ್ಲ.

ಆ ಮಳೆಗಾಲದಲ್ಲಿ ಕಿಮ್‌ಚಾಯ್ ಊಟ ಮಾಡಿ ಮಲಗಿದವರು ಏಳಲಿಲ್ಲ.

ಉತ್ತರಕ್ರಿಯೆಯ ಕೊನೆಯ ದೊಡ್ಡ ಪೂಜೆಗೆ ಕಾಗದದ ಮನೆ ಸುಡುವ ಮಾತು ಬಂತು. ಬಿದಿರ ಕಡ್ಡಿಗೆ ಬಣ್ಣದ ಕಾಗದ ಅಂಟಿಸಿ ಮಾಡಿದ ಮನೆ ಸುಟ್ಟರೆ ಹೋದವರಿಗೆ ಅಲ್ಲಿ ಮನೆಯಾಗುತ್ತದೆ, ಅದಿಲ್ಲದಿದ್ದರೆ ಬೀದಿಪಾಲು. ದೊಡ್ಡ ಮಗ ಹೋಕ್‌ಸಿಯಾಂಗ್ ತೈಪೇಯಿಂದ ಬಂದಿಳಿದ. ಅವನು ಅಲ್ಲಿ ಫ್ಲ್ಯಾಟು ಮಾರುವವನು. ಬದುಕಿದ್ದವರಿಗೆ ಮಾರುವ ಉತ್ಸಾಹದಲ್ಲೇ ತಾಯಿಗೆ ಚಿತ್ರದ ಪುಸ್ತಕ ತೆರೆದು ತೋರಿಸಿದ.

"ಮೂರಂತಸ್ತು ಅಮ್ಮ. ಲಿಫ್ಟು. ಬಾಗಿಲಿಗೆ ಕಾವಲುಗಾರ. ಹಿಂದೆ ಈಜುಕೊಳ."

"ನಿಮ್ಮಪ್ಪನಿಗೆ ಈಜು ಬರಲ್ವಲ್ಲೋ."

"ಅಲ್ಲಿ ಕಲೀತಾರಮ್ಮ, ಟೈಮ್ ಇದೆಯಲ್ಲ."

ಗ್ವಾತೆಂಗ್ ಪುಸ್ತಕ ಪಕ್ಕಕ್ಕಿಟ್ಟರು. "ಕನಸಲ್ಲಿ ಬಂದಿದ್ರು" ಎಂದರು. "ಬಾಗಿಲಲ್ಲೇ ನಿಂತ್ರು. ಇಕ್ಕಟ್ಟು ಗ್ವಾತೆಂಗ್, ಇಕ್ಕಟ್ಟು ಅಂದ್ರು. ಕೂತ್ಕೊಳ್ಳಿ ಅಂದೆ. ಹೊರಟೇಬಿಟ್ರು." ಜೀವನವಿಡೀ ಒಂದು ಒಲೆಯ ಹಿಂದಿನ ಎರಡು ಮೊಳ ಜಾಗದಲ್ಲಿ ನಿಂತಿದ್ದ ಮನುಷ್ಯನಿಗೆ ಸತ್ತ ಮೇಲೂ ಇಕ್ಕಟ್ಟು ತಪ್ಪಲಿಲ್ಲವಲ್ಲ ಎಂಬುದು ಅವರ ಸಂಕಟ.

ಆ ಹೊತ್ತಿನಲ್ಲಿ ಮಿಂಗ್‌ತೆ ಸುಮ್ಮನಿರಬಹುದಿತ್ತು. ಬಾಯಲ್ಲಿ ಕಡಲೆಮಿಠಾಯಿಯೂ ಇರಲಿಲ್ಲ. "ಮೂರಂತಸ್ತಾದ್ರೂ ಇಕ್ಕಟ್ಟೇ ಅತ್ತೆ" ಎಂದುಬಿಟ್ಟ. "ಮಾವನಿಗೆ ಬೇಕಾಗಿರೋದು ಅಂತಸ್ತಲ್ಲ, ಇನ್ನೊಂದು ದಿಕ್ಕು."

ಪೆಕ್‌ಚು ಗಂಡನ ತೊಡೆ ಚಿವುಟಿದಳು. ತಡವಾಗಿತ್ತು.

"ಭಾವ, ನೀವು ಯಾವ ದಿಕ್ಕು ಮಾರ್ತಿದೀರಾ?" ಎಂದ ಹೋಕ್‌ಸಿಯಾಂಗ್.

ಆದರೆ ಗ್ವಾತೆಂಗ್ ತಲೆ ಎತ್ತಿದ್ದರು. "ನೀವಿಬ್ರೂ ಅಂಗಡೀಲಿ ಕೂತು ಮಾತಾಡ್ತಿದ್ರಲ್ಲ, ಆ ನಾಡಿನ ಮನೆನಾ? ಮನುಷ್ಯ ನಗ್ತಿದ್ದದ್ದು ಆಗ ಮಾತ್ರ. ಮಾಡಿಸಿ ಮೇಷ್ಟ್ರೇ. ಅದನ್ನೇ ಮಾಡಿಸಿ."

ಕಾಗದದ ಮನೆ ಕಟ್ಟುವ ತೋ ಮೇಸ್ತ್ರಿಯ ವಂಶದಲ್ಲಿ ಯಾರೂ ಯಾವ ಗಿರಾಕಿಗೂ 'ಬರಲ್ಲ' ಎಂದವರಲ್ಲ. ಹೋದವರಿಗಾಗಿ ಹಾಡುವ ಯಂತ್ರ, ಹಲ್ಲಿನ ಡಾಕ್ಟರ ಕುರ್ಚಿ, ಒಬ್ಬ ಮುದುಕಿಗೆ ಇಸ್ಪೀಟಿನ ಮೂವರು ಜೊತೆಗಾರರನ್ನೂ ಕಾಗದದಲ್ಲಿ ಮಾಡಿಕೊಟ್ಟಿದ್ದ. ಮಿಂಗ್‌ತೆ ಅರ್ಧ ಕಪ್ಪಾದ ಹಾಳೆಯನ್ನು ಅವನೆದುರು ಬಿಡಿಸಿದ. ಮೇಸ್ತ್ರಿ ಅದನ್ನು ಒಮ್ಮೆ ನೆಟ್ಟಗೆ, ಒಮ್ಮೆ ತಲೆಕೆಳಗಾಗಿ ನೋಡಿದ.

"ನಾಲ್ಕು ದಿಕ್ಕಿನ ಮನೆ ತಾನೇ? ನಮ್ಮಜ್ಜ ಮಾಡ್ತಿದ್ದ."

"ಹೌದಾ!" ಎಂದ ಮಿಂಗ್‌ತೆ, ತನಗಿಂತ ಬಲ್ಲವನು ಸಿಕ್ಕನೆಂದು ಹೆದರಿ. "ಸುಲಭ ಅಲ್ವಾ?"

"ತುಂಬಾ ಸುಲಭ" ಎಂದ ಮೇಸ್ತ್ರಿ, ಬೆವರೊರೆಸಿಕೊಳ್ಳುತ್ತ. "ನಿಮ್ಮ ಬಾಯಿಂದ ಒಂದ್ಸಲ ಹೇಳಿಬಿಡಿ, ಅಜ್ಜ ಹೇಳಿದ್ದಕ್ಕೆ ಹೋಲಿಸಿಕೊಳ್ತೀನಿ."

ಚಿತ್ರದಲ್ಲಿದ್ದದ್ದು ಎಂಟು ಪೆಟ್ಟಿಗೆ. ನಾಲ್ಕು ಒಂದರ ಮೇಲೊಂದು ಕಂಬದಂತೆ. ಮೇಲಿನಿಂದ ಎರಡನೆಯದರ ನಾಲ್ಕು ಪಕ್ಕಕ್ಕೂ ಒಂದೊಂದು ಅಂಟಿದ್ದವು. ಮಿಂಗ್‌ತೆ ತೋರಿಸಿದ: ನಾಲ್ಕೂ ಕಡೆ ಕೈಚಾಚಿರುವ ಆ ಎರಡನೆಯದು ಮಾವನ ಕೋಣೆ, ಅದರ ಕೆಳಗೆ ಗಂಜಿಯ ಒಲೆ, ಒಲೆಗೂ ಕೆಳಗೆ ನೆಲದ ಮೇಲಿರುವುದು ಅತ್ತೆಯದು.

"ಹಾಳೇಲಿ 'ಬಿಡಿಸಿಟ್ಟ ರೂಪ' ಅಂತಿದೆ. ಅಂದ್ರೆ ಇದು ಬಿಡಿಸಿಟ್ಟ ಮನೆ ಅಲ್ವಾ? ಮಡಚೋದು ಯಾರು?" ಮೇಸ್ತ್ರಿ ಕೇಳಿದ.

"ಅಲ್ಲಿಗೆ ಹೋದ ಮೇಲೆ ತಾನೇ ಮಡಚಿಕೊಳ್ಳುತ್ತೆ."

"ಅಷ್ಟೇ ತಾನೇ! ನಾವು ಮಾಡೋ ಕಾರೂ ಅಲ್ಲಿಗೆ ಹೋದ ಮೇಲೇ ಓಡೋದು" ಎಂದು ಮೇಸ್ತ್ರಿ ನಿರಾಳವಾಗಿ ಬಿದಿರು ಸೀಳತೊಡಗಿದ. ಕೋಣೆಗಳಿಗೆ ಹೆಸರಿನ ಫಲಕ ಬೇಕೇ ಎಂದು ಕೇಳಿದ. ಹೆಸರುಗಳನ್ನು ಮಿಂಗ್‌ತೆ ಹುಮ್ಮಸ್ಸಿನಲ್ಲಿ ಒಂದೂ ಬಿಡದೆ ಹೇಳಿದ. ಅಲ್ಲೇ ಅವನು ಎಡವಿದ್ದು.

ಪೂಜೆಯ ಬೆಳಿಗ್ಗೆ ಮನೆ ಲಾರಿಯಲ್ಲಿ ನಿಂತುಕೊಂಡು ಓಣಿಗೆ ಬಂತು. ಕೆಂಪು, ಚಿನ್ನ, ನವಿಲುಹಸಿರು. ಆಳೆತ್ತರವನ್ನೂ ಮೀರಿತ್ತು. ಕೆಲಸದಲ್ಲಿ ಒಂದೂ ಕುಂದಿರಲಿಲ್ಲ. ಕಿಟಕಿಗೆ ಪರದೆ, ಪರದೆಗೆ ಹೂವು. ಮೊದಲು ನೋಡಿದವಳು ಎಣ್ಣೆಯಲ್ಲಿ ಹಿಟ್ಟಿನ ಕಡ್ಡಿ ಕರಿಯುವ ಪಕ್ಕದ ಮನೆಯ ಅಬೀ. ನೋಡಿ, ಜಾಲರಿ ಸೌಟು ಕೈಯಲ್ಲಿ ಹಿಡಿದೇ ಒಳಗೆ ಓಡಿ ಗಂಡನನ್ನು ಎಬ್ಬಿಸಿದಳು.

"ಕೇಳಿದ್ರೇನ್ರೀ? ಕಿಮ್‌ಚಾಯ್ ಮಾವ ಕ್ರೈಸ್ತರಾಗಿಬಿಟ್ಟಿದ್ರಂತೆ!"

ನಿಮಗೂ ಈಗ ಹೊಳೆದಿರಬೇಕು. ನಾಲ್ಕು ಪೆಟ್ಟಿಗೆಯ ಕಂಬ, ಮೇಲಿನಿಂದ ಎರಡನೆಯದಕ್ಕೆ ಅಡ್ಡ ಕೈಗಳು. ಯಾವ ಕಡೆಯಿಂದ ನೋಡಿದರೂ ಅಚ್ಚುಕಟ್ಟಾದ ಶಿಲುಬೆ. ಇಷ್ಟು ದಿನ ಆ ಹಾಳೆ ನೋಡಿಕೊಂಡಿದ್ದ ಮಿಂಗ್‌ತೆಗೂ ಇದು ಹೊಳೆದಿರಲಿಲ್ಲ, ಕಟ್ಟಿದ ಮೇಸ್ತ್ರಿಗೂ ಹೊಳೆದಿರಲಿಲ್ಲ. ಓಣಿಗೆ ಹೊಳೆಯಲು ಅರೆಗಳಿಗೆಯೂ ಬೇಕಾಗಲಿಲ್ಲ.

"ಅದಕ್ಕೇ ಭಾನುವಾರ ಅಂಗಡಿ ಬೇಗ ಮುಚ್ತಿದ್ರು!"

"ಮೇಷ್ಟ್ರೇ ಕೆಡಿಸಿದ್ದು. ದಿನಾ ಕೂತು ಯಾವ್ದೋ ಬೇರೆ ಲೋಕದ ಮಾತು ಹೇಳ್ತಿರಲಿಲ್ವಾ? ನಾನೇ ಕೇಳಿದೀನಿ, ಮುಳ್ಳಿಲ್ಲದ ಮೀನು ಸಿಗುತ್ತಂತೆ ಅಲ್ಲಿ."

ಹೋಕ್‌ಸಿಯಾಂಗ್ ಹರಳೆಣ್ಣೆ ಕುಡಿದವನ ಮುಖ ಮಾಡಿಕೊಂಡು ಅಂಗಳದಲ್ಲಿ ಶತಪಥ ಹಾಕತೊಡಗಿದ. "ನಾನು ಬೇಡ ಅಂದಿದ್ನಾ ಇಲ್ವಾ? ಈಗ ನೆಂಟರಿಗೆ ಏನಂತ ಹೇಳೋದು ಭಾವ?"

"ಇದು ಬಿಡಿಸಿಟ್ಟ ಮನೆ ಭಾವ, ಮಡಚಿದ್ರೆ ಹೀಗಿರಲ್ಲ" ಎಂದ ಮಿಂಗ್‌ತೆ.

"ಮಡಚಿ ತೋರಿಸಿ ಮತ್ತೆ!"

ಮಿಂಗ್‌ತೆ ಕೈ ಎತ್ತಿದ. ಅತ್ತ ಆಡಿಸಿದ, ಇತ್ತ ಆಡಿಸಿದ, ಇಳಿಸಿದ.

ಅಷ್ಟರಲ್ಲಿ ಗಂಟೆ, ಕರಿಟೋಪಿ, ಕಸೂತಿ ನಿಲುವಂಗಿ ಸಮೇತ ಪುರೋಹಿತ ಸೂ ಬಂದರು. ಮನೆಯನ್ನು ಕಂಡೊಡನೆ ಗಂಟೆಯನ್ನು ಮತ್ತೆ ಚೀಲಕ್ಕೆ ಹಾಕಿದರು. "ನಮ್ಮ ಮಂತ್ರಕ್ಕೂ ಇದಕ್ಕೂ ಆಗಿಬರಲ್ಲಮ್ಮ. ಇವರನ್ನ ಯಾವ ದಾರೀಲಿ ಕಳಿಸಬೇಕು ಅಂತ ಮೊದಲು ತೀರ್ಮಾನ ಮಾಡ್ಕೊಳ್ಳಿ. ಎರಡು ದಾರಿ ನಡುವೆ ಸಿಕ್ಕಿಹಾಕಿಕೊಂಡ್ರೆ ಯಾರು ಹೊಣೆ?"

ಬೀದಿಯ ಕೊನೆಯ ಚರ್ಚಿನ ಪಾದ್ರಿ ಕಾನ್ ಕೂಡ ಸುದ್ದಿ ಕೇಳಿ, ಕಣ್ಣೊರೆಸಿಕೊಳ್ಳುತ್ತ ಬಂದರು. ಅವರು ಸಾಧು ಮನುಷ್ಯ. "ಗ್ವಾತೆಂಗಮ್ಮ, ನಾನು ಎಷ್ಟು ವರ್ಷ ಅವರ ಕೈಯ ಗಂಜಿ ತಿಂದೆ. ಒಂದು ದಿನಾನೂ ಬಾಯಿ ಬಿಡಲಿಲ್ವಲ್ಲ! ಇಂಥಾ ಗುಪ್ತ ಭಕ್ತಿ ನಾನು ಕಂಡಿಲ್ಲ" ಎಂದು ಅವರ ಕೈ ಹಿಡಿದುಕೊಂಡರು.

"ಅವರು ನನ್ನ ಹತ್ರ ಕೈ ತೊಳ್ಕೊಂಡಿದೀನಿ ಅಂತ ಬಿಟ್ರೆ ಇನ್ನೇನೂ ಮುಚ್ಚಿಟ್ಟವರಲ್ಲ" ಎಂದರು ಗ್ವಾತೆಂಗ್, ಗಾಬರಿಯಿಂದ.

ಮಿಂಗ್‌ತೆ ಪಾದ್ರಿಯ ಕಾಲು ಹಿಡಿಯುವುದೊಂದು ಬಾಕಿ. "ಸ್ವಾಮಿ, ದಯವಿಟ್ಟು ಒಂದು ಸುತ್ತು ಬಂದು ನೋಡಿ. ಇದು ಮನೆ!"

ಪಾದ್ರಿ ಕನ್ನಡಕ ಏರಿಸಿಕೊಂಡು ಸುತ್ತು ಬಂದರು. ಮುಂದಿನಿಂದ ನೋಡಿದರು. ಪಕ್ಕಕ್ಕೆ ಹೋಗಿ ನೋಡಿದರು. ಹಿಂದಕ್ಕೆ ಹೋದರು. ಕೊನೆಗೆ ಅವರು ಸ್ವಲ್ಪ ನಿರಾಶೆಯಿಂದಲೇ ತಲೆಯಾಡಿಸಿದರು. "ಇದು ನಮ್ಮದಲ್ಲ. ನಮ್ಮದಕ್ಕೆ ಎರಡೇ ಕೈ. ಇದಕ್ಕೆ ನಾಲ್ಕಿವೆ."

ಈ ತೀರ್ಪು ಕೇಳಿ ಪುರೋಹಿತರ ಮುಖ ಅರಳಿತು. "ನಾಲ್ಕು ಕೈಯಾ? ಹಾಗಾದ್ರೆ ನಮ್ಮದೇ ಇರಬೇಕು" ಎಂದು ಗಂಟೆ ಹೊರತೆಗೆದರು. ಪಾದ್ರಿಯೂ ಹೋಗಲಿಲ್ಲ. ಬಂದದ್ದು ಬಂದಾಯಿತು ಎಂದು ಅಬೀ ಕೊಟ್ಟ ಚಹಾ ಹಿಡಿದು ಬೆಂಚಿನ ಮೇಲೆ ಕುಳಿತರು.

ಮಂತ್ರವಾಯಿತು, ಹಾಲುಮೀನಿನ ನೈವೇದ್ಯವಾಯಿತು. ಸುಡುವ ಮುಂಚೆ ಹೋದವರ ಒಪ್ಪಿಗೆ ಬೇಕಲ್ಲ. ಪುರೋಹಿತರು ಕೆಂಪು ಬಣ್ಣದ ಎರಡು ಮರದ ಅರ್ಧಚಂದ್ರಗಳನ್ನು ಕೈಗೆತ್ತಿಕೊಂಡರು. ಎಸೆದಾಗ ಒಂದು ಬೆನ್ನು ಮೇಲಾಗಿ, ಒಂದು ಹೊಟ್ಟೆ ಮೇಲಾಗಿ ಬಿದ್ದರೆ 'ಹೌದು'. ಎರಡೂ ಬೆನ್ನು ಮೇಲಾದರೆ 'ಬೇಡ'. ಎರಡೂ ಚಪ್ಪಟೆ ಹೊಟ್ಟೆ ತೋರಿಸಿಕೊಂಡು ಬಿದ್ದರೆ ಹೋದವರು ನಗುತ್ತಿದ್ದಾರೆ ಎಂದು ಅರ್ಥ.

"ಕಿಮ್‌ಚಾಯ್, ಮನೆ ಒಪ್ಪಿಗೆಯಾ?"

ಎರಡೂ ಹೊಟ್ಟೆ ತೋರಿಸಿದವು. ನಗು.

ಇನ್ನೊಮ್ಮೆ ಎಸೆದರು. ನಗು. ಮತ್ತೊಮ್ಮೆ. ನಗು.

"ನಗದೆ ಇನ್ನೇನು ಮಾಡ್ತಾರೆ ಅಪ್ಪ?" ಎಂದ ಹೋಕ್‌ಸಿಯಾಂಗ್. "ನನ್ನ ಮೂರಂತಸ್ತಿನದು ಕೇಳಿ ಸ್ವಾಮಿ. ಹೇಳಿ ಬಂದಿದೀನಿ, ಮಧ್ಯಾಹ್ನದೊಳಗೆ ತರಿಸ್ತೀನಿ."

ಕೇಳಿದರು. ಎರಡೂ ಬೆನ್ನು ಮೇಲೆ. ಬೇಡ.

"ಈಜುಕೊಳ ಇಲ್ಲದೆ?"

ಬೇಡ.

ಓಣಿಯಲ್ಲಿ ಸಲಹೆಗಳ ಮಳೆ ಸುರಿಯಿತು. ಶೌಚಾಲಯ ಎಲ್ಲಿದೆ ಅಂತ ಗೊತ್ತಾಗಿಲ್ಲವೇನೋ ಕೇಳಿ ಎಂದರು ಒಬ್ಬರು. ನಗು. ಸ್ಕೂಟರು ಯಾವ ಬಾಗಿಲಿಂದ ಹೊರತೆಗೆಯೋದು ಅಂತ ಚಿಂತೆಯೇನೋ ಎಂದಳು ಅಬೀ. ನಗು. ಪುರೋಹಿತರ ತೋಳು ನೋಯತೊಡಗಿತು. ಗ್ವಾತೆಂಗ್ ಮಾತ್ರ ಈ ಗದ್ದಲದಲ್ಲಿ ಇರಲಿಲ್ಲ. ಅವರು ಮನೆಯ ಸುತ್ತ ನಡೆಯುತ್ತ, ಕೋಣೆಗಳ ಮೇಲಿನ ಫಲಕಗಳನ್ನು ಒಂದೊಂದಾಗಿ ಓದುತ್ತಿದ್ದರು. ಕಿಮ್‌ಚಾಯ್. ಅದಕ್ಕೆ ತಾಗಿ ಚಹಾ. ತಾಗಿ ಚದುರಂಗ. ತಾಗಿ ಸ್ಕೂಟರು. ತಾಗಿ ಆಳುಗಳು. ತಾಗಿ ಮೇಷ್ಟ್ರು. ಕೆಳಗೆ ಒಲೆ. ಒಲೆಯ ಕೆಳಗೆ, ಎಲ್ಲಕ್ಕಿಂತ ಕೆಳಗೆ, ನೆಲಕ್ಕೆ ಹತ್ತಿದಂತೆ, ಗ್ವಾತೆಂಗ್.

ಅವರು ಸೊಂಟ ಬಗ್ಗಿಸಿ ಆ ಫಲಕವನ್ನು ಇನ್ನೊಮ್ಮೆ ಓದಿದರು.

"ಮೇಷ್ಟ್ರೇ, ಇದನ್ನ ಯಾರು ಹೇಳಿದ್ದು? ನೀವಾ, ಅವರಾ?"

ಸುಳ್ಳು ಹೇಳಬೇಕಾದ ಹೊತ್ತಿನಲ್ಲಿ ಮಿಂಗ್‌ತೆಗೆ ಸುಳ್ಳು ಬರುವುದಿಲ್ಲ. ಬೇರೆ ಹೊತ್ತಿನಲ್ಲಿ ಬಾಯಿ ತೆರೆಯದೆಯೂ ಆಗಿಹೋಗುತ್ತದೆ. "ಮಾವನೇ" ಎಂದ.

"ಆಳುಗಳ ಕೋಣೆ ತಾಗುತ್ತೆ. ಸ್ಕೂಟರಿನದೂ ತಾಗುತ್ತೆ. ನನ್ನದು ತಾಗಲ್ಲ."

"ಎಂಟರಲ್ಲಿ ಒಂದು ತಾಗಲ್ಲ ಅತ್ತೆ... ಲೆಕ್ಕವೇ ಹಾಗೆ..."

"ಲೆಕ್ಕ ನಿಮ್ಮದು. ಆರಿಸಿದ್ದು ಅವರು." ಗ್ವಾತೆಂಗ್ ಸೆರಗಿಲ್ಲದ ಅಂಗಿಯ ತೋಳಿನಿಂದ ಮೂಗು ಒರೆಸಿಕೊಂಡರು. "ಇಷ್ಟು ವರ್ಷ ಕೈ ತೊಳ್ಕೊಳ್ಳಿ ಕೈ ತೊಳ್ಕೊಳ್ಳಿ ಅಂತ ತಲೆ ತಿಂದೆ. ಅಲ್ಲಾದ್ರೂ ನೆಮ್ಮದಿಯಾಗಿರಲಿ ಅಂತ ದೂರ ಇಟ್ಟಿದಾರೆ. ಇರಲಿ. ಸುಟ್ಟುಬಿಡಿ." ಹೀಗೆಂದು ಅಂಗಡಿಯ ಗಲ್ಲಾದ ಹಿಂದೆ ಹೋಗಿ, ಎಲ್ಲರಿಗೂ ಬೆನ್ನು ಮಾಡಿ ಕುಳಿತರು.

ಮಿಂಗ್‌ತೆಯ ಅವಸ್ಥೆ ಯಾರಿಗೂ ಬೇಡ. ತನ್ನನ್ನು ಮೇಷ್ಟ್ರೇ ಎಂದು ಪ್ರೀತಿಯಿಂದ ಕರೆದ ಒಬ್ಬನೇ ಮನುಷ್ಯನ ಹೆಂಡತಿಯನ್ನು ಅಳಿಸಿದ್ದೂ ಆಯಿತು, ಆ ಮನುಷ್ಯನ ಮರ್ಯಾದೆ ಕಳೆದದ್ದೂ ಆಯಿತು. ಏನಾದರೂ ಹೇಳಬೇಕೆಂದು ಗಲ್ಲಾದ ಹತ್ತಿರ ಹೋದ. ಏನೂ ತೋಚದೆ, ನೈವೇದ್ಯದ ಮೇಜಿನ ಮೇಲಿದ್ದ ಸಿಹಿ ಕಜ್ಜಾಯದ ರಟ್ಟಿನ ಡಬ್ಬಿಯನ್ನು ಕೈಗೆತ್ತಿಕೊಂಡು ತಿರುಗಿಸತೊಡಗಿದ. ಅದರ ಮೂಲೆಗಳ ಅಂಟು ಬಿಟ್ಟಿತು. ಡಬ್ಬಿ ಅಂಗಾತ ಬಿಚ್ಚಿಕೊಂಡಿತು. ಕಜ್ಜಾಯಗಳು ಉರುಳಿ ಪಾದ್ರಿಯ ಬೆಂಚಿನ ಕೆಳಗೆ ಸೇರಿದವು.

"ಅಯ್ಯೋ ನಿಮ್ಮ ಕೈಗಿಷ್ಟು!" ಪೆಕ್‌ಚು ಸಿಡುಕಿದಳು. "ಎಲ್ಲಾ ಬಿಚ್ಚಿ ಹಾಕೋದೊಂದು ಗೊತ್ತು. ಮಡಚಿ ಇಡ್ರೀ ಅದನ್ನ ಮೊದಲಿನ ಹಾಗೆ!"

ಮಿಂಗ್‌ತೆ ಮೇಜಿನ ಮೇಲೆ ರಟ್ಟನ್ನು ಹರಡಿದ. ನಡುವೆ ತಳ. ತಳದ ನಾಲ್ಕು ಕಡೆ ನಾಲ್ಕು ಗೋಡೆ. ಒಂದು ಗೋಡೆಯ ಆಚೆ ತುದಿಗೆ, ಎಲ್ಲಕ್ಕಿಂತ ದೂರದಲ್ಲಿ, ಮುಚ್ಚಳ ನೇತಾಡುತ್ತಿತ್ತು. ತಳಕ್ಕೂ ಮುಚ್ಚಳಕ್ಕೂ ಸಂಬಂಧವೇ ಇಲ್ಲ. ಅವನು ಗೋಡೆಗಳನ್ನು ಎತ್ತಿದ. ಮುಚ್ಚಳ ಹಾಕಿದ. ತೆಗೆದ. ಮತ್ತೆ ಹಾಕಿದ. ಅವನ ಬಾಯಿ ತೆರೆದುಕೊಂಡಿತು.

"ಅತ್ತೆ," ಎಂದ. "ಅತ್ತೆ, ಇಲ್ಲಿ ನೋಡಿ. ತಿರುಗಿ. ದಯವಿಟ್ಟು ತಿರುಗಿ."

ಗ್ವಾತೆಂಗ್ ಅರ್ಧ ತಿರುಗಿದರು.

"ಈ ತಳ ಮಾವ. ಮುಚ್ಚಳ ನೀವು. ಬಿಚ್ಚಿಟ್ಟಾಗ ನೀವು ದೂರ. ಈಗ ಮಡಚ್ತೀನಿ. ನೋಡಿದ್ರಾ? ಮುಚ್ಚಳ ಈಗ್ಲೂ ತಳಕ್ಕೆ ತಾಗಲ್ಲ. ಆದ್ರೆ ನಾಲ್ಕು ಗೋಡೆಗೂ ತಾಗುತ್ತೆ! ತಳದಲ್ಲೊಂದು ಇರುವೆ ಬಿಡಿ. ಯಾವ ಗೋಡೆ ಹತ್ತಿದ್ರೂ ಅದು ಬಂದು ಸೇರೋದು ಮುಚ್ಚಳಕ್ಕೇ!"

"ಅಂದ್ರೆ?"

"ಮಾವ ಚಹಾದ ಕೋಣೆಗೆ ಹೋದ್ರು ಅಂತಿಟ್ಕೊಳ್ಳಿ. ನೇರ ನಡೀತಾ ಹೋದ್ರೆ ಮುಂದಿನ ಬಾಗಿಲು ನಿಮ್ಮದು. ಚದುರಂಗದ ಕೋಣೆಗೆ ಹೋದ್ರೂ ಮುಂದಿನದು ನಿಮ್ಮದು. ಸ್ಕೂಟರು ತೆಗೆಯೋಕೆ ಹೋದ್ರೂ ಅಷ್ಟೇ. ಬೇರೆ ಯಾವ ಕೋಣೆಗೂ ಹೀಗಿಲ್ಲ ಅತ್ತೆ. ಮಾವ ಮನೆಯೊಳಗೆ ಯಾವ ಬಾಗಿಲಿಂದ 'ಹೋಗಿಬರ್ತೀನಿ' ಅಂತ ಹೊರಟ್ರೂ, ನೆಟ್ಟಗೆ ನಡೆದ್ರೆ ಬಂದು ನಿಲ್ಲೋದು ನಿಮ್ಮ ಕೋಣೇಲೇ!"

ಜೀವಮಾನದಲ್ಲಿ ಮೊದಲ ಬಾರಿಗೆ ಮಿಂಗ್‌ತೆಗೆ ತಾನು ಹೇಳುತ್ತಿರುವುದು ಅರ್ಥವಾಗಿತ್ತು. ಅವನಿಗೇ ಭಯವಾಯಿತು.

ಗ್ವಾತೆಂಗ್ ಎದ್ದು ಬಂದರು. ಡಬ್ಬಿಯನ್ನು ಬಿಚ್ಚಿದರು, ಮಡಚಿದರು, ಬೆರಳಿನಿಂದ ತಳದಿಂದ ಒಂದೊಂದೇ ಗೋಡೆ ಹತ್ತಿಸಿ ಮುಚ್ಚಳ ಮುಟ್ಟಿ ನೋಡಿದರು. ಗಲ್ಲಾದಲ್ಲಿ ಚಿಲ್ಲರೆ ಪರೀಕ್ಷಿಸುವಾಗಿನ ಮುಖವೇ ಅದು. ಆಮೇಲೆ ಪುರೋಹಿತರತ್ತ ಕೈಚಾಚಿದರು. "ಕೊಡಿ ಇಲ್ಲಿ. ನಾನೇ ಕೇಳ್ತೀನಿ."

ಅರ್ಧಚಂದ್ರಗಳನ್ನು ಎದೆಗೊತ್ತಿಕೊಂಡು ಮನೆಯ ಮುಂದೆ ಮಂಡಿಯೂರಿದರು. "ರೀ. ಇದೆಲ್ಲಾ ಗೊತ್ತಿದ್ದೇ ನನಗೆ ಆ ಕೋಣೆ ಕೊಟ್ರಾ? ಇಲ್ಲಾ ನನ್ನ ಕಾಟ ತಪ್ಪಲಿ ಅಂತ ಕೊಟ್ರಾ? ನಿಜ ಹೇಳಿ."

ಎಸೆದರು. ಎರಡೂ ಹೊಟ್ಟೆ ಮೇಲೆ. ನಗು.

"ಬದುಕಿದ್ದಾಗಲೂ ಇದೇ ಉತ್ತರ" ಎಂದರು ಗ್ವಾತೆಂಗ್. ಜನರ ನಡುವಿನಿಂದ ಯಾರೋ ಕಿಸಕ್ಕೆಂದರು. ಅವರು ಮತ್ತೆ ಕೈಗೆತ್ತಿಕೊಂಡರು. ಈ ಸಲ ದನಿ ಸಣ್ಣದಾಗಿತ್ತು. "ಹೋಗ್ಲಿ. ಇದೊಂದು ಹೇಳಿ. ಯಾವ ಬಾಗಿಲಿಂದ ಹೊರಟ್ರೂ ಬರೋದು ನನ್ನ ಹತ್ರಕ್ಕೇನಾ?"

ಒಂದು ನೆಟ್ಟಗೆ ಬಿದ್ದು ಹೊಟ್ಟೆ ತೋರಿಸಿತು. ಇನ್ನೊಂದು ಗಿರಗಿರನೆ ಸುತ್ತಿತು, ಪಾದ್ರಿಯ ಬೂಟಿಗೆ ಬಡಿಯಿತು, ಬೆನ್ನು ಮೇಲೆ ಮಾಡಿಕೊಂಡು ನಿಂತಿತು.

ಹೌದು.

"ಹೌದು!" ಎಂದು ಕೂಗಿದವರು ಪುರೋಹಿತರಲ್ಲ, ಪಾದ್ರಿ. ಕೂಗಿಬಿಟ್ಟು ನಾಚಿಕೊಂಡು ಚಹಾ ಕುಡಿದರು.

ಮನೆಗೆ ಬೆಂಕಿಯಿಟ್ಟರು. ಕಾಗದ ಹೊತ್ತಿಕೊಂಡಿತು, ಒಳಗಿನ ಬಿದಿರು ಚಟಪಟ ಎಂದಿತು. ಮೇಲಿನ ಕೋಣೆಗಳಿಗೆ ಬೆಂಕಿ ಹತ್ತಿದಾಗ ನಾಲ್ಕೂ ಕಡೆ ಚಾಚಿದ್ದ ಕೈಗಳು ಸೋತು ಮೆಲ್ಲಗೆ ಬಾಗತೊಡಗಿದವು. ಚಹಾದ ಕೋಣೆ ಬಾಗಿತು. ಚದುರಂಗ ಬಾಗಿತು. ಆಳುಗಳು, ಸ್ಕೂಟರು, ಮೇಷ್ಟ್ರು ಒಂದರ ಹಿಂದೆ ಒಂದು ಕೆಳಗಿಳಿದು, ನೆಲದ ಮೇಲಿನ ಕೊನೆಯ ಕೋಣೆಗೆ ಬಂದು ಒರಗಿದವು. ಒಂದು ಕ್ಷಣ ಅಷ್ಟೂ ಗ್ವಾತೆಂಗ್ ಎಂಬ ಫಲಕವನ್ನು ಮುತ್ತಿಕೊಂಡು ಉರಿದವು.

"ಮಡಚಿಕೊಳ್ತಾ ಇದೆ!" ಎಂದು ತೋ ಮೇಸ್ತ್ರಿ ಅರಚಿದ. ತನ್ನ ಕೈಯಾರೆ ಕಟ್ಟಿದ ಮನೆ ಏನೆಂದು ಅವನಿಗೆ ತಿಳಿದದ್ದು ಆಗಲೇ. ತಕ್ಷಣ ಸಾವರಿಸಿಕೊಂಡು, "ನಮ್ಮಜ್ಜ ಹೇಳಿದ್ದು ಹೀಗೇ" ಎಂದು ಪಕ್ಕದವರಿಗೆ ತಿಳಿಸಿದ.

ಮಿಂಗ್‌ತೆ ಅಳುತ್ತಿದ್ದ. ಹೊಗೆ ಎಂದು ಹೇಳಿಕೊಂಡ. ಪೆಕ್‌ಚು ನಂಬಿದಂತೆ ಮಾಡಿ ಅವನ ತೋಳು ಹಿಡಿದುಕೊಂಡಳು. ಹೋಕ್‌ಸಿಯಾಂಗ್ ಹತ್ತಿರ ಬಂದು, "ಭಾವ, ಇಂಥದ್ದು ಬದುಕಿದ್ದವರಿಗೂ ಕಟ್ಟೋಕಾಗುತ್ತಾ?" ಎಂದು ಮೆಲ್ಲಗೆ ವಿಚಾರಿಸಿದ.

ಬೂದಿ ತಣ್ಣಗಾಗುವವರೆಗೂ ಗ್ವಾತೆಂಗ್ ಕದಲಲಿಲ್ಲ. ಆಮೇಲೆ ಮೇಸ್ತ್ರಿಯನ್ನು ಕರೆದರು.

"ನನ್ನ ಕೋಣೆಗೆ ಎಷ್ಟು ಬಾಗಿಲು?"

"ಆರಮ್ಮ" ಎಂದ ಮೇಸ್ತ್ರಿ, ಮಿಂಗ್‌ತೆಯ ಮುಖ ನೋಡಿ ಖಾತ್ರಿ ಮಾಡಿಕೊಂಡು. "ಚಿಲಕ ಬೇಕಾಗಿತ್ತಾ? ಮಾಡಿ ಕಳಿಸಬಹುದು."

"ಚಿಲಕ ಬೇಡ." ಗ್ವಾತೆಂಗ್ ಎದ್ದು, ನೈವೇದ್ಯದ ಮೀನಿನ ತಟ್ಟೆ ಎತ್ತಿಕೊಂಡು ಒಳಗೆ ಹೊರಟರು. "ಆರು ಬೋಗುಣಿ ಮಾಡು. ಬಾಗಿಲಿಗೊಂದು. ಯಾವ ಕಡೆಯಿಂದ ಬಂದ್ರೂ ಕೈ ತೊಳ್ಕೊಂಡೇ ಒಳಗೆ ಬರಬೇಕು."